ಕರ್ಚೀಫಿಲ್ಲದ ಭಾನುವಾರ

ಚರಿತ್ರೆಯಲ್ಲಿ ದಾಖಲಾಗಬೇಕಾದ ಸಂಗತಿ ಏನೆಂದರೆ ನಾನು ಇವತ್ತು ಕರ್ಚೀಫಿಲ್ಲದೆ ಚರ್ಚಿನ ಪೂಜೆಗೆ ಬಂದಿದ್ದೇನೆ, ಅದೂ ನೆಗಡಿ ಹಿಡಿದಿರುವಾಗ, ಮೂಗಿನ ತುದಿಯಲ್ಲೊಂದು ಹನಿ ಬೀಳಲೋ ಬೇಡವೋ ಎಂದು ಯೋಚಿಸುತ್ತ ಕೂತಿದೆ, ತೋಳಿನಿಂದ ಒರೆಸಿಕೊಳ್ಳೋಣವೆಂದರೆ ಹಿಂದಿನ ಬೆಂಚಿನಲ್ಲಿ ಪೋಸ್ಟ್‌ಮಾಸ್ಟರ ಹೆಂಡತಿ, ನನ್ನ ಕೈ ಬಾಯಿಯ ಹತ್ತಿರ ಸುಳಿದರೆ ಸಾಕು ಅವಳ ಜಪಮಾಲೆ ನಿಂತುಬಿಡುತ್ತದೆ – ನೋಡಿ, ನೋಡಿ, ಕೈ ಎಲ್ಲಿಗೆ ಹೋಯ್ತು ನೋಡಿ – ಎಲ್ಲ ನನ್ನ ತಮ್ಮನ ಕೃಪೆ, ತಮ್ಮ ಕಾದಂಬರಿ ಬರೆದಿದ್ದಾನೆ, ಚೊಚ್ಚಲು, ಹಿಂಬದಿಯಲ್ಲಿ ಗಲ್ಲಕ್ಕೆ ಕೈ ಕೊಟ್ಟ ಫೋಟೊ, ಹಲ್ಲುನೋವಿನವನ ಹಾಗೆ, ಅದರಲ್ಲೊಬ್ಬಳು ಅಕ್ಕ, ಬಲಿಪೀಠದ ಬಟ್ಟೆ ಹೊಲಿಯುವವಳು, ನಾನೂ ಅದನ್ನೇ ಹೊಲಿಯುತ್ತೇನೆ, ಅವಳಿಗೆ ಎಡಗೆನ್ನೆಯಲ್ಲಿ ಮಚ್ಚೆ, ನನಗೆ ಬಲಗೆನ್ನೆಯಲ್ಲಿ, ಇದಕ್ಕೆ ಕಲ್ಪನಾಶಕ್ತಿ ಅನ್ನುತ್ತಾರಂತೆ, ಆ ಅಕ್ಕ ಪರಮಪ್ರಸಾದವನ್ನು, ದೇವರ ದೇಹವೆಂದು ಪೂಜೆಯಲ್ಲಿ ಕೊಡುವ ತೆಳು ರೊಟ್ಟಿಯನ್ನು, ನಾಲಿಗೆಯ ಮೇಲೆ ತೆಗೆದುಕೊಂಡು, ನುಂಗದೆ, ಕೆಮ್ಮು ಬಂದವಳ ಹಾಗೆ ಕರ್ಚೀಫಿನೊಳಗೆ ಇಳಿಸಿ ಮನೆಗೆ ಒಯ್ಯುತ್ತಾಳೆ, ಹಾಸಿಗೆ ಹಿಡಿದ ಅಮ್ಮನಿಗೆ, ಅಮ್ಮ ಅದನ್ನು ತೆಗೆದುಕೊಂಡು ನಗುಮೊಗದಲ್ಲಿ ಕಣ್ಣು ಮುಚ್ಚುತ್ತಾಳೆ, ಓದಿದ ಪಟ್ಟಣದವರೆಲ್ಲ ಅತ್ತರಂತೆ. ನಮ್ಮವರು ಅಳಲಿಲ್ಲ. ನಮ್ಮವರಿಗೆ ಓದಿ ರೂಢಿಯಿರುವುದು ಪ್ರಾರ್ಥನೆಯ ಪುಸ್ತಕವೊಂದೇ, ಅದರಲ್ಲಿ ಸುಳ್ಳಿರುವುದಿಲ್ಲ, ಆದ್ದರಿಂದ ಅಚ್ಚಾಗಿದ್ದೆಲ್ಲ ನಿಜ, ಅಲ್ಲಪ್ಪಾ, ದೇವರನ್ನೇ ಕದ್ದಳಲ್ಲ, ಅದೂ ಮೂಗು ಒರೆಸೋ ಬಟ್ಟೇಲಿ, ಒಗೆದಿದ್ದೋ ಇಲ್ವೋ. ಅದೇ ಪುಸ್ತಕದಲ್ಲಿ ಅದಕ್ಕಿಂತ ಒಂದು ಪುಟ ಮೊದಲು ಇನ್ನೊಂದು ಸಂಗತಿಯಿದೆ, ಅದು ಮಾತ್ರ ಯಾರ ಕಣ್ಣಿಗೂ ಬೀಳಲಿಲ್ಲ, ಕಲ್ಪನೆಯಲ್ಲದ್ದು ಅದೊಂದೇ – ಅಪ್ಪ ನಮ್ಮನ್ನು ಬಿಟ್ಟು ಹೋದವನು ಎಲ್ಲೋ ಬದುಕಿದ್ದ, ಅವನು ಬದುಕಿರುವ ತನಕ ಚರ್ಚಿನಲ್ಲಿ ಅಮ್ಮನಿಗೆ ಇನ್ನೊಂದು ಮದುವೆಯಿಲ್ಲ, ಅಮ್ಮ ಮದುವೆಯ ಗೊಡವೆಗೆ ಹೋಗದೆ ಬೇಕರಿಯವನ ಜೊತೆ ಸಂಸಾರ ಹೂಡಿದಳು, ನಾವು ಅವನನ್ನು ಮಾಮ ಅನ್ನುತ್ತಿದ್ದೆವು, ಅವಳ ಕೊನೆಗಾಲದಲ್ಲಿ ಫಾದರ್ ಬಂದರು, ಈಗ ಪೂಜೆ ಮಾಡುತ್ತಿರುವ ಇದೇ ಫಾದರ್, ಹೊಸ್ತಿಲಾಚೆಯೇ ನಿಂತು, ಮೊದಲು ಅವನನ್ನ ಮನೆಯಿಂದ ಕಳಿಸು, ಆಮೇಲೆ ಪ್ರಸಾದ ಕೊಡ್ತೀನಿ ಅಂದರು, ಅವಳ ಕಾಲು ಒತ್ತುತ್ತಿದ್ದ ಮಾಮ ತೆಪ್ಪಗೆ ಎದ್ದು ಚಪ್ಪಲಿ ಹುಡುಕತೊಡಗಿದ, ಕೂತ್ಕೋ, ಈಗ ಎಲ್ಲಿಗೆ ಹೋಗ್ತೀಯ ಅಂದಳು ಅಮ್ಮ, ಫಾದರ್ ತಿರುಗಿ ಹೋದರು. ಮಾರನೆಯ ದಿನ ಅವರ ಬೆಳಗಿನ ತಿಂಡಿಗೆ ಎಂದಿನಂತೆ ಮಾಮನ ಬ್ರೆಡ್ಡೇ ಹೋಯಿತು, ಮಾಮನ ರೊಟ್ಟಿ ಗುರುಮನೆಯೊಳಗೆ ಹೋಗಬಹುದು, ಗುರುಗಳ ರೊಟ್ಟಿ ಮಾಮನ ಮನೆಯೊಳಗೆ ಬರುವ ಹಾಗಿಲ್ಲ. ಭಾನುವಾರ ಗಂಟೆ ಕೇಳಿಸಿದಾಗ ಅಮ್ಮ ಕಣ್ಣು ಮುಚ್ಚಿಕೊಂಡು ನಾಲಿಗೆ ಚಾಚಿದಳು, ಬಿಳಿಗಟ್ಟಿದ, ನಡುವೆ ಬಿರುಕುಬಿಟ್ಟ ನಾಲಿಗೆ, ಚಾಚಿಯೇ ಇದ್ದಳು, ನಾನು ಚಮಚದಲ್ಲಿ ನೀರು ಹಿಡಿದರೆ ತಲೆಯಾಡಿಸಿದಳು, ಇದಲ್ಲ –

ಬೆಂಚುಗಳು ಕಿರುಗುಟ್ಟುತ್ತಿವೆ, ಪ್ರಸಾದದ ಸಾಲು ಎದ್ದಿತು, ನಾನೂ ಎದ್ದೆ, ಯಾಕೋ ಹೀಗೆ ಬರೆದೆ ಎಂದು ಫೋನಿನಲ್ಲಿ ಕೇಳಿದರೆ ತಮ್ಮ, ಅಯ್ಯೋ ಅಕ್ಕ, ನಿನಗಿಲ್ಲದ ಧೈರ್ಯ ಕೊಟ್ಟಿದ್ದೀನಿ, ಸಂತೋಷಪಡು ಅನ್ನುತ್ತಾನೆ, ನೀನೆಲ್ಲಿದ್ದೆಯೋ ಆ ಭಾನುವಾರ, ಪರೀಕ್ಷೆ ಇತ್ತಲ್ಲಕ್ಕ, ಹೌದು, ಅವನು ಯಾವಾಗಲೂ ಪರೀಕ್ಷೆಯಲ್ಲಿ ಪಾಸು, ಸಾಲು ಒಂದು ಹೆಜ್ಜೆ ಸರಿಯಿತು, ಹಿಂದಿನಿಂದ ಪೋಸ್ಟ್‌ಮಾಸ್ಟರ ಹೆಂಡತಿಯ ಉಸಿರು ಕತ್ತಿಗೆ ತಾಗುತ್ತಿದೆ, ನಾನು ನುಂಗುವುದನ್ನು ಗಂಟಲಿನ ಹಿಂಭಾಗದಿಂದಲೇ ನೋಡುವವಳಂತೆ. ನಿನ್ನೆ ಫಾದರ್ ಕರೆಸಿದ್ದರು, ಬೀರುವಿನಲ್ಲಿ ನಾನೇ ಅಂಚು ಹೊಲಿದ ನಿಲುವಂಗಿಗಳು ತೂಗುತ್ತಿದ್ದವು, ನಾಳೆ ನನ್ನ ಮುಂದೆ ಬಂದಾಗ ಗಟ್ಟಿಯಾಗಿ ಒಂದು ಮಾತು ಹೇಳಿಬಿಡಮ್ಮ, ಪುಸ್ತಕದಲ್ಲಿರೋದೆಲ್ಲ ಸುಳ್ಳು ಅಂತ, ಜನರ ಬಾಯಿ ಮುಚ್ಚುತ್ತೆ, ನಿನಗೂ ಎಂದಿನಂತೆ ಕೊಡ್ತೀನಿ. ಕರ್ಚೀಫು ಸುಳ್ಳು, ಅಷ್ಟು ಹೇಳ್ತೀನಿ ಫಾದರ್. ಬಿಡಿಬಿಡಿಯಾಗಿ ಹೇಳಿದ್ರೆ ಜನಕ್ಕೆ ಅರ್ಥವಾಗಲ್ಲಮ್ಮ, ಎಲ್ಲ ಸುಳ್ಳು ಅನ್ನು. ಹೇಳದಿದ್ರೆ? ಹೇಳದಿದ್ರೆ ನಿನಗೆ ಗೊತ್ತಲ್ಲ. ಗೊತ್ತು, ನಮ್ಮ ಮನೆಗೆ ಅದೇನು ಹೊಸದಲ್ಲ. ನಾಚಿಕೆಯ ವಿಷಯವೆಂದರೆ ನನಗೆ ಅದು ಬೇಕು, ಇಷ್ಟೆಲ್ಲ ಆದ ಮೇಲೂ ಬೇಕು, ಗೇಣುದ್ದ ಇದ್ದಾಗಿನಿಂದ ಭಾನುವಾರವೆಂದರೆ ನಾಲಿಗೆಯ ಮೇಲೆ ಆ ತೆಳ್ಳನೆಯದು ಕರಗುವುದು, ಆ ರುಚಿಯಿಲ್ಲದ ರುಚಿ, ಅದಿಲ್ಲದ ವಾರವನ್ನು ಹೇಗೆ ಶುರುಮಾಡುತ್ತಾರೋ ನನಗೆ ತಿಳಿಯದು, ಒಂದೇ ಒಂದು ಮಾತು, ತಮ್ಮನ ಮರ್ಯಾದೆ ಹೋದರೆ ಹೋಗಲಿ, ಆದರೆ ಆ ಮಾತಿನ ಜೊತೆಗೆ ಹೊಸ್ತಿಲೂ ಸುಳ್ಳಾಗುತ್ತದೆ, ಚಪ್ಪಲಿ ಹುಡುಕುತ್ತಿದ್ದ ಮಾಮ ಸುಳ್ಳು, ಕೂತ್ಕೋ ಅಂದ ಅಮ್ಮ ಸುಳ್ಳು, ಫಾದರ್ ನಮ್ಮ ಮನೆಗೆ ಬಂದೇ ಇರಲಿಲ್ಲ, ತಿರುಗಿ ಹೋಗಲೂ ಇಲ್ಲ, ಇಡೀ ಊರಿನಲ್ಲಿ ಯಾರೂ ಯಾರಿಗೂ ಏನನ್ನೂ ಇಲ್ಲವೆಂದಿಲ್ಲ – ಮುಂದಿದ್ದವರು ಪಕ್ಕಕ್ಕೆ ಸರಿದರು, ಬಂಗಾರದ ಬಟ್ಟಲು, ಫಾದರ್ ಬೆರಳುಗಳ ನಡುವೆ ಬೆಳ್ಳಗೆ ದುಂಡಗೆ, ಅದು ನನ್ನ ಬಾಯಿಯವರೆಗೂ ಬಂದು ನಿಂತಿದೆ, ಹೇಳಮ್ಮ, ಮೆಲ್ಲಗೆ, ಅಕ್ಕರೆಯಿಂದಲೇ, ಹೇಳಿಬಿಡು, ಹಾಡುವವರು ನಿಲ್ಲಿಸಿದ್ದಾರೆ, ಮೂಗಿನ ಹನಿ ಬಿತ್ತು, ಬೀಳಲಿ, ನಾನು ಕಣ್ಣು ಮುಚ್ಚಿ ನಾಲಿಗೆ ಚಾಚುತ್ತೇನೆ, ಹೇಳಮ್ಮ, ನಾಲಿಗೆ ಚಾಚಿಕೊಂಡವರು ಮಾತಾಡುವುದು ಹೇಗೆ ಫಾದರ್, ಗಾಳಿಗೆ ಅದು ಒಣಗುತ್ತಿದೆ, ತುದಿ ಮೊದಲು, ಆಮೇಲೆ ನಡುವೆ, ಬಿರುಕುಬಿಟ್ಟ ಹಾಗೆ, ಬಿಳಿಗಟ್ಟಿದ ನಾಲಿಗೆ, ಚಾಚಿಯೇ ಇದೆ, ಇದಲ್ಲ, ಚಾಚಿಯೇ ಇದೆ –

ಫಾದರ್ ಹಿಂದಿನವರನ್ನು ಕರೆದರು. ನನಗೆ ಕೊಡಲಿಲ್ಲ.