ಅಣ್ಣನ ಬೀದಿಯ ಎಂಟನೇ ಮನೆ

ನನ್ನದು ಕನ್ನಡಕದ ಅಂಗಡಿ. ನನ್ನ ಹೆಂಡತಿಗೆ ಕಣ್ಣು ಕಾಣುವುದಿಲ್ಲ. ಇದನ್ನು ಕೇಳಿದವರು ತಡೆಯಲಾರದೆ "ದೀಪದ ಬುಡದಲ್ಲೇ ಕತ್ತಲೆ" ಎನ್ನುತ್ತಾರೆ. ಅನ್ನಲಿ. ಅಂಥವರ ಕನ್ನಡಕದ ಕಡ್ಡಿಯನ್ನು ಕಿವಿಯ ಹಿಂದೆ ಒಂದಿಷ್ಟು ಬಿಗಿ ಮಾಡಿಯೇ ಕಳಿಸುತ್ತೇನೆ.

ಅವಳು ಚದುರಂಗದಲ್ಲಿ ಮೂರು ಸಲ ದೇಶದ ಚಾಂಪಿಯನ್ ಆಗಿದ್ದವಳು. ಎದುರಾಳಿಯನ್ನೂ ಹಲಗೆಯನ್ನೂ ರೆಪ್ಪೆ ಬಡಿಯದೆ ನೋಡುತ್ತಿದ್ದಳೆಂದು ಪತ್ರಿಕೆಯವರು "ಹದ್ದಿನ ಕಣ್ಣು" ಎಂದು ಹೆಸರಿಟ್ಟಿದ್ದರು. ಕಣ್ಣಿನ ಹಿಂದಿನ ಪರದೆ ಒಣಗುತ್ತಾ ಬಂದು ಕೊನೆಗೆ ಬೆಳಕೂ ಹೋದಾಗ, ಬರೆಯಲು ಯಾರೂ ಬರಲಿಲ್ಲ. ಅವಳು ಹಲಗೆಗಳನ್ನೆಲ್ಲ ಬೀರುವಿನ ಮೇಲಕ್ಕೆ ಹಾಕಿಸಿದಳು.

"ನೋಡದೇನೂ ಆಡಬಹುದಲ್ಲ? ನೀನೇ ಎಷ್ಟು ಸಲ ಕಣ್ಣಿಗೆ ಬಟ್ಟೆ ಕಟ್ಕೊಂಡು ಆಡಿಲ್ಲ?" ಎಂದು ಕೇಳಿದೆ.

"ತಲೆಯೊಳಗೆ ಆಡಬಹುದು. ಆದ್ರೆ ಅಲ್ಲಿ ನಾನೊಬ್ಬಳೇ ಇರ್ತೀನಿ," ಎಂದಳು.

ನನಗೆ ಅಳು ಬಂತು, ಸಿಟ್ಟೂ ಬಂತು. ಸಿಟ್ಟಿನಲ್ಲೇ ಹೋಗಿ ಅಂಧರು ಆಡುವ ಹಲಗೆಯೊಂದನ್ನು ತಂದೆ. ಅದರಲ್ಲಿ ಪ್ರತಿ ಮನೆಗೂ ಒಂದು ತೂತು, ಪ್ರತಿ ಕಾಯಿಗೂ ಒಂದು ಕಾಲು. ಕಪ್ಪು ಮನೆಗಳು ಬೆರಳಿಗೆ ಎತ್ತರವಾಗಿ ಸಿಗುತ್ತವೆ, ಕಪ್ಪು ಕಾಯಿಗಳ ನೆತ್ತಿಯಲ್ಲಿ ಒಂದು ಮೊಳೆ ಇರುತ್ತದೆ. ಅವಳು ಮುಟ್ಟಲಿಲ್ಲ. ಮುಟ್ಟಿದ್ದು ನನ್ನಮ್ಮ.

"ಏನೋ ಇದು, ಬರೀ ತೂತು? ದುಡ್ಡು ಕೊಟ್ಟು ತಂದ್ಯಾ?" ಎಂದು ಹಲಗೆಯನ್ನು ತಿರುಗಿಸಿ ನೋಡಿ, ಸೊಸೆಯ ಎದುರು ಕುಳಿತೇ ಬಿಟ್ಟಳು. "ನಂಗೂ ಹೇಳ್ಕೊಡೇ. ಮನೇಲಿ ಇಬ್ರೂ ಸುಮ್ನೆ ಕೂತಿದ್ದೀವಿ."

ಹೇಳಿಕೊಡುವುದು ಹೇಗೆ? ನಡೆಯನ್ನು ಬಾಯಲ್ಲಿ ಹೇಳಬೇಕು, ಅದಕ್ಕೆ ಎಂಟು ಉದ್ದಸಾಲಿಗೂ ಹೆಸರು ಬೇಕು, ಸಾಲಿನೊಳಗಿನ ಮನೆಗಳಿಗೆ ಒಂದರಿಂದ ಎಂಟು. ಅಮ್ಮನಿಗೆ ಎ ಬಿ ಸಿ ಡಿ ಆಗಿಬರುವುದಿಲ್ಲ. "ಮನೆ ಅಂತೀರಿ, ಮನೆ ಅಂದ್ಮೇಲೆ ಬೀದಿ ಇರ್ಬೇಕು. ಬೀದಿ ಅಂದ್ಮೇಲೆ ಜನ ಬೇಡ್ವಾ?" ಎಂದು ಎಡದಿಂದ ಬಲಕ್ಕೆ ತಾನೇ ಸಂಸಾರ ಹೂಡಿದಳು: ಅಜ್ಜ, ಅಜ್ಜಿ, ಅಕ್ಕ, ಅಣ್ಣ, ಅತ್ತೆ, ಮಾವ, ಗಂಡ, ಹೆಂಡತಿ. ಆಟ ಶುರುವಾಗುವಾಗ ರಾಜ ನಿಲ್ಲುವುದು ಅತ್ತೆಯ ಬೀದಿಯಲ್ಲಿ. ಇದು ಆಕಸ್ಮಿಕ ಎಂದು ಅಮ್ಮ ಈಗಲೂ ಸಾಧಿಸುತ್ತಾಳೆ. ರಾಜನನ್ನು ಕಾಪಾಡಲು ಅವನನ್ನು ಎರಡು ಮನೆ ಆಚೆ, ಗಂಡನ ಬೀದಿಗೆ ದಾಟಿಸುವ ನಡೆಯೊಂದುಂಟು. ನನ್ನವಳು ಮೊದಲ ಸಲ ಅದನ್ನು ಆಡಿದಾಗ ಅಮ್ಮ ಮೂಗು ಮುರಿದಳು.

"ಹೂಂ, ಅತ್ತೇನ ಬಿಟ್ಟು ಬೇರೆ ಮನೆ ಮಾಡಿದ್ಯಾ?"

ನನ್ನವಳು ನಕ್ಕಳು. ಎಷ್ಟೋ ತಿಂಗಳ ಮೇಲೆ ಕೇಳಿದ ನಗು. ನಾನು ಅಡುಗೆಮನೆಗೆ ಹೋಗಿ ಸುಮ್ಮನೆ ನಲ್ಲಿ ಬಿಟ್ಟುಕೊಂಡು ನಿಂತೆ.

ಹಾಗೆ ಶುರುವಾದದ್ದು ಅವಳನ್ನು ಅಂಧರ ರಾಷ್ಟ್ರೀಯ ಪಂದ್ಯದವರೆಗೆ ತಂದಿತು. ಅಲ್ಲಿ ಬೀದಿಗಳಿಗೆ ಬೇರೆ ಹೆಸರು. ಜಗತ್ತಿನಾದ್ಯಂತ ಅಂಧ ಆಟಗಾರರು ಎಡದಿಂದ ಅನ್ನಾ, ಬೆಲ್ಲಾ, ಸೀಸರ್, ಡೇವಿಡ್ ಎಂದು ಶುರುಮಾಡಿ ಕರೆಯುತ್ತಾರೆ. ಅದನ್ನೂ ಬಾಯಿಪಾಠ ಮಾಡಿದ್ದಳು. ಆದರೆ ಬಾಯಿ ಕಲಿತದ್ದನ್ನು ಕೈ ಅಷ್ಟು ಬೇಗ ಕಲಿಯುವುದಿಲ್ಲ ಎಂದು ನಮಗೆ ಹೊಳೆದಿರಲಿಲ್ಲ.

ಕೊನೆಯ ಸುತ್ತಿನ ಬೆಳಿಗ್ಗೆ ಜಡೆ ಹಾಕಿಕೊಳ್ಳುತ್ತಾ ಹೇಳಿದಳು: "ಇವತ್ತು ಗೆದ್ರೆ ದೇಶದ ತಂಡದಲ್ಲಿ ಜಾಗ. ಇಲ್ಲಾಂದ್ರೆ ಹಲಗೆ ಯಾರಿಗಾದ್ರೂ ಕೊಟ್ಬಿಡು. ಅತ್ತೆ ಜೊತೆ ಹೊತ್ತು ಕಳೆಯೋಕೆ ಆಡೋದಾದ್ರೆ, ನಂಗೆ ಈ ಆಟವೇ ಬೇಡ."

ಅವಳು ಹೇಳಿದ್ದನ್ನು ಮಾಡುವವಳು.

ಎದುರಾಳಿ ಹುಟ್ಟು ಅಂಧರು, ಆಸ್ಪತ್ರೆಯೊಂದರ ಟೆಲಿಫೋನ್ ಆಪರೇಟರ್, ಹಾಲಿ ಚಾಂಪಿಯನ್. ಅವರ ಮಾತು ಫೋನಿನಲ್ಲಿ ಬಂದಂತೆಯೇ, ಅಚ್ಚುಕಟ್ಟು. ಇಬ್ಬರ ಮುಂದೆಯೂ ತಂತಮ್ಮ ಹಲಗೆ. ಒಬ್ಬರು ನಡೆ ಕೂಗಬೇಕು, ಇನ್ನೊಬ್ಬರು ಅದನ್ನೇ ತಿರುಗಿ ಹೇಳಿ ತಮ್ಮ ಹಲಗೆಯಲ್ಲೂ ಆ ಕಾಯಿಯನ್ನು ಸರಿಸಿಕೊಳ್ಳಬೇಕು. ತನ್ನ ಕಾಯಿಯನ್ನು ತೂತಿನಿಂದ ಎತ್ತಿದರೆ ಅದನ್ನೇ ಆಡಬೇಕು. ನಾವು ನೋಡುವವರು ಹಗ್ಗದಾಚೆ. ಕೆಮ್ಮಿದರೂ ತೀರ್ಪುಗಾರ್ತಿ ಕಣ್ಣು ಬಿಡುತ್ತಿದ್ದರು.

ಇಬ್ಬರ ಗಡಿಯಾರದಲ್ಲೂ ಸಮಯ ಬತ್ತುತ್ತಾ ಬಂದಿತ್ತು. ಆಪರೇಟರ್ ಕೂಗಿದರು: "ಆನೆ, ಅನ್ನಾ ಐದು."

ಅವರ ಬಾಯಲ್ಲಿ ಅನ್ನಾ ಎಂಬುದು ಅಣ್ಣನೇ ಆಗಿ ಬಂತು. ನನ್ನವಳು "ಆನೆ, ಅನ್ನಾ ಐದು" ಎಂದು ತಿರುಗಿ ಹೇಳಿದಳು. ಮೂಲೆಯಿಂದ ಅವರ ಆನೆಯನ್ನು ಕಿತ್ತಳು. ಕಿತ್ತು ನಾಲ್ಕನೆಯ ಸಾಲಿನಲ್ಲಿ, ನಮ್ಮ ಮನೆಯ ಅಣ್ಣನ ಬೀದಿಯಲ್ಲಿ ನೆಟ್ಟಳು.

ಅಯ್ಯೋ, ಅದು ಡೇವಿಡ್! ಅನ್ನಾ ಎಂದರೆ ಮೊದಲನೆಯ ಸಾಲು, ನಮ್ಮಜ್ಜನದು!

ಕೂಗುವ ಹಾಗಿಲ್ಲ. ಕೂಗಿದರೆ ಆಟವೇ ರದ್ದು. ನಾಲಿಗೆ ಕಚ್ಚಿಕೊಂಡೆ. ಹುಟ್ಟಿದಾಗಿನಿಂದ ಬಾಯಿ ಮುಚ್ಚದ ನಾನು ಆ ಹೊತ್ತು ಬಾಯಿ ಮುಚ್ಚಿಕೊಂಡಿದ್ದೆನೆಂದರೆ ಅಮ್ಮ ಈಗಲೂ ನಂಬುವುದಿಲ್ಲ.

ಅವಳ ಹಲಗೆಯಲ್ಲಿ ಈಗ ಅವರ ಆನೆ ಅವಳ ಆನೆಯ ದಾರಿಯಲ್ಲೇ, ಕಾವಲಿಲ್ಲದೆ ನಿಂತಿದೆ. ಹೊಡೆದರೆ ಆಟ ಮುಗಿದ ಹಾಗೆ. ಆದರೆ ಅವರ ಹಲಗೆಯಲ್ಲಿ ಅಲ್ಲಿ ಯಾರೂ ಇಲ್ಲ. ಇವಳು ಆನೆಯನ್ನು ಅಲ್ಲಿಗೆ ತಂದರೆ, ಮೊದಲನೆಯ ಸಾಲಿನಲ್ಲಿ ಕಾದಿರುವ ಅವರ ಆನೆ ಅಡ್ಡಕ್ಕೆ ಬಂದು ನುಂಗುತ್ತದೆ.

ಅವಳ ಬೆರಳು ತನ್ನ ಆನೆಯ ತಲೆಯ ಮೇಲೆ ಕುಳಿತಿತು. ಹಿಡಿಯಿತು. ಎತ್ತಲಿಲ್ಲ.

ಅವಳ ತುಟಿ ಅಲುಗುವುದು ಕಂಡಿತು. ಏನು ಗೊಣಗಿದಳೆಂದು ಆಮೇಲೆ ಹೇಳಿದಳು. ಬಿಟ್ಟಿಯಾಗಿ ಕಾಯಿ ಸಿಕ್ಕಾಗಲೆಲ್ಲ ಅಮ್ಮ ಹೇಳುತ್ತಿದ್ದ ಮಾತು: "ಪುಗಸಟ್ಟೆ ಸಿಕ್ಕರೆ ನನಗೊಂದು, ನಮ್ಮಪ್ಪನಿಗೊಂದು." ಹಾಗೆ ಹೇಳಿಕೊಂಡು ಕಾಯಿ ಹೊಡೆದಾಗಲೆಲ್ಲ ಅಮ್ಮ ಸೋತಿದ್ದಾಳೆ. ಇವಳೇ ಸೋಲಿಸಿದ್ದಾಳೆ.

ಬೆರಳು ಆನೆಯನ್ನು ಬಿಟ್ಟಿತು. ಗಡಿಯಾರ ಓಡುತ್ತಿದ್ದರೂ ಅವಳು ಹಲಗೆಯ ಮೇಲೆ ಬೀದಿ ಬೀದಿ ಸುತ್ತಿದಳು. ಮೂಲೆಯ ಖಾಲಿ ತೂತಿಗೆ ಬಂದಾಗ ನಿಂತಳು. ಆನೆ ಹೊರಟದ್ದು ಇಲ್ಲಿಂದ. ಆನೆ ನೆಟ್ಟಗೆ ಹೋಗುವ ಪ್ರಾಣಿ. ಅಜ್ಜನ ಮನೆಯಿಂದ ಹೊರಟದ್ದು ಮೂರು ಬೀದಿ ಹಾರಿ ಅಣ್ಣನ ಮನೆ ಸೇರಿದ್ದು ಹೇಗೆ?

ಅಷ್ಟು ಜನರ ನಡುವೆ ಅವಳು ಗಟ್ಟಿಯಾಗಿ ನಕ್ಕುಬಿಟ್ಟಳು. ತೀರ್ಪುಗಾರ್ತಿ ತಿರುಗಿ ನೋಡಿದರು. ಅವಳು ಅವರ ಆನೆಯನ್ನು ಕಿತ್ತು ಅಜ್ಜನ ಬೀದಿಯಲ್ಲಿ ನೆಟ್ಟಳು. ನೆಟ್ಟದ್ದೇ ಮುಖ ಬದಲಾಯಿತು. ಆ ಆನೆ ಮೂಲೆ ಬಿಟ್ಟ ಮೇಲೆ ಅವರ ರಾಜ ನಿಂತ ಅಡ್ಡಸಾಲು ಕಾಯುವವರಿಲ್ಲದೆ ಬಯಲಾಗಿತ್ತು. ಇವಳ ಆನೆಗೆ ದಾರಿ ನೇರ: ಅಣ್ಣನ ಬೀದಿಯ ಎಂಟನೇ ಮನೆ.

ಈಗ ಅವಳು ಆನೆಯನ್ನು ಎತ್ತಿ ಅಲ್ಲಿ ನೆಟ್ಟಳು. ಬಾಯಿ ತೆರೆದಳು.

"ಆನೆ, ಅ..."

ಅಣ್ಣ ಎಂಬ ಹೆಸರು ಹೊರಗೆ ಬಿದ್ದರೆ ಅವರ ಹಲಗೆಯಲ್ಲಿ ಅದು ಮೊದಲನೆಯ ಸಾಲು; ಅವಳ ಆನೆಗೆ ಹೋಗಲಾಗದ ಮನೆ. ಗಲಾಟೆ, ದಂಡ, ಉಳಿದ ಚೂರು ಸಮಯವೂ ಖಲಾಸು.

ಅವಳು ಆ ಹೆಸರನ್ನು ನುಂಗಿದಳು.

"ಆನೆ, ಡೇವಿಡ್ ಎಂಟು. ರಾಜನಿಗೆ ಶಹ."

ಆಪರೇಟರ್ ತಿರುಗಿ ಹೇಳಿದರು. ಹೇಳುವಾಗ ದನಿಯ ಅಚ್ಚುಕಟ್ಟು ಸಡಿಲಾಗಿತ್ತು. ಇನ್ನು ಕೆಲವು ನಡೆಗಳಲ್ಲಿ ಅವರ ರಾಜನಿಗೆ ನಿಲ್ಲಲು ನೆಲೆಯಿಲ್ಲದಾಯಿತು. ಮೇಜಿನ ಮೇಲೆ ಕೈ ಚಾಚಿ, ಅವಳ ಕೈ ಹುಡುಕಿ ಹಿಡಿದುಕೊಂಡರು.

"ನಡುವೆ ನಕ್ಕಿರಲ್ಲ ಅಮ್ಮಾ, ನನ್ನ ಆಟ ಅಷ್ಟು ಕೆಟ್ಟದಾಗಿತ್ತಾ?"

ಅವಳು ಬೀದಿಗಳ ಕಥೆ ಹೇಳಿದಳು. ಅವರು ಕೇಳಿಕೊಂಡು, "ನನ್ನ ಉಚ್ಚಾರ ಸರಿ ಇಲ್ಲ ಅಂತ ಈವರೆಗೆ ಫೋನಲ್ಲೂ ಯಾರೂ ಹೇಳಿಲ್ಲ," ಎಂದು ನಕ್ಕರು. "ತಂಡದಲ್ಲಿ ನಾನೂ ಇರ್ತೀನಲ್ಲ, ನಂಗೂ ಆ ಬೀದಿ ಕಲಿಸಿ. ಬೇರೆ ದೇಶದವರಿಗೆ ಒಂದಕ್ಷರ ತಿಳಿಯಬಾರದು."

ನಾನು ಹಗ್ಗ ದಾಟಿ ಓಡಿದೆ. ಅಳುತ್ತಿದ್ದೆ, ಮುಚ್ಚಿಡುವುದೇನು? ಅವಳು ನನ್ನ ತೋಳು ಹಿಡಿದು ಕಿವಿಯ ಹತ್ತಿರ ಹೇಳಿದಳು: "ಒಬ್ಬಳೇ ಇರ್ತೀನಿ ಅಂದಿದ್ದೆನಲ್ಲ, ಇವತ್ತು ಹಾಗಿರಲಿಲ್ಲ. ಒಳಗೆ ಮನೆ ತುಂಬ ಜನ ಇದ್ರು."

ಅಮ್ಮನಿಗೆ ಅಲ್ಲಿಂದಲೇ ಫೋನು ಮಾಡಿದೆವು. ಅಮ್ಮ ಎಲ್ಲ ಕೇಳಿ, ಗೆದ್ದದ್ದು ದೊಡ್ಡ ವಿಷಯವೇ ಅಲ್ಲ ಎಂಬಂತೆ ತನಗೆ ಬೇಕಾದ್ದನ್ನು ಕೇಳಿದಳು.

"ಅದಿರ್ಲಿ, ನಿನ್ನ ರಾಜ ಕೊನೇವರೆಗೆ ಯಾರ ಬೀದೀಲಿದ್ದ?"

"ಗಂಡನ ಬೀದೀಲಿ, ಅತ್ತೆ."

"ನಂಗೊತ್ತಿತ್ತು ಬಿಡು," ಎಂದಳು ಅಮ್ಮ. "ಬೇಗ ಬಾ. ಹಲಗೆ ಜೋಡಿಸಿ ಇಟ್ಟಿರ್ತೀನಿ."