ಡ್ರಮ್ಮಿನ ಹಿಂದೆ ಕೂತವನು

ಶವದ ಕಾರಿನ ಗಾಜಿನ ಮೇಲೆ ಇಳಿಯುತ್ತಿದ್ದ ಎಂಜಲನ್ನು ಗ್ಲೆನಿಸ್ ತನ್ನ ಕಪ್ಪು ಕೈಗವಸಿನಿಂದಲೇ ಒರೆಸಿದಳು. ಒರೆಸಿದಷ್ಟೂ ಅದು ಹರಡಿತು. ಗಾಜಿನ ಆಚೆ ಗಂಡ ಕ್ಲೈವ್ ಟಾಪ್ಲಿಸ್ ಮಲಗಿದ್ದ ಪೆಟ್ಟಿಗೆ, ಅದರ ಪಕ್ಕ ಬಿಳಿ ಸೇವಂತಿಗೆ. ಈಚೆ, ಚಿತಾಗಾರದ ಗೇಟಿನ ಬಳಿ, ಅರವತ್ತು ದಾಟಿದ ಗಂಡಸರ ಒಂದು ಹಿಂಡು. ಬೋಳುತಲೆಯ ಅಂಚಿನಲ್ಲಿ ಉಳಿದ ನಾಲ್ಕು ಕೂದಲಿಗೆ ಹಸಿರು ಬಣ್ಣ, ಹೊಟ್ಟೆಯ ಮೇಲೆ ಗುಂಡಿ ಹಾಕಲಾಗದ ಚರ್ಮದ ಜಾಕೆಟ್ಟು, ಕಿವಿಯಲ್ಲಿ ಸೇಫ್ಟಿ ಪಿನ್ನು. ಉಗುಳಿದವನು ಕೈಯೆತ್ತಿ ನಗುತ್ತಿದ್ದ. ಮೊಮ್ಮಕ್ಕಳನ್ನು ಆಡಿಸಬೇಕಾದ ವಯಸ್ಸು.

“ಪ್ರೀತಿಗೆ ಕಣಮ್ಮಾ! ಕ್ಲೈವ್‌ಗೆ ನಮ್ ಪ್ರೀತಿ!”

“ನಿನ್ ಪ್ರೀತೀನ ನಿನ್ ಬಾಯಲ್ಲೇ ಇಟ್ಕೋ,” ಎಂದಳು ಗ್ಲೆನಿಸ್.

ಅಂತ್ಯಕ್ರಿಯೆಯ ಉಸ್ತುವಾರಿ ವಹಿಸಿದ್ದ ಮಿಸ್ಟರ್ ಮಾಲ್ಟ್‌ಬಿ ಎತ್ತರದ ಕಪ್ಪು ಟೋಪಿಯನ್ನು ಕಂಕುಳಲ್ಲಿ ಒತ್ತಿಕೊಂಡು ಓಡಿಬಂದ. “ಬಿಡಿ ಮಿಸೆಸ್ ಟಾಪ್ಲಿಸ್, ನಮ್ಮ ಹುಡುಗ್ರು ಒರೆಸ್ತಾರೆ. ಕರ್ಚೀಫಾದ್ರೂ ಕೊಡ್ಲಾ?”

“ಬೇಡಿ. ಕರ್ಚೀಫ್ ಎಲ್ಲಾ ಅವನ ಜೊತೇಲೇ ಇದಾವಲ್ಲ.”

ಮಾಲ್ಟ್‌ಬಿ ತಲೆಯಾಡಿಸಿದ. ಹಿಂದಿನ ದಿನ ಅವಳು ಒಂದು ಡ್ರಾಯರ್ ತುಂಬ ಇಸ್ತ್ರಿ ಮಾಡಿದ ಕರವಸ್ತ್ರ ತಂದು, ಅಷ್ಟನ್ನೂ ಪೆಟ್ಟಿಗೆಯೊಳಗೆ ಇಡಿಸಿದ್ದಳು. ಸತ್ತವರ ಜೊತೆ ವಿಸ್ಕಿ ಬಾಟಲಿ, ಫುಟ್‌ಬಾಲ್ ಮಫ್ಲರು ಇಡಿಸಿದವರನ್ನು ಅವನು ಕಂಡಿದ್ದ. ಕರವಸ್ತ್ರ ಇಡಿಸಿದವರನ್ನು ಕಂಡದ್ದು ಇದೇ ಮೊದಲು.

ಇಂಗ್ಲೆಂಡಿನ ಬಂದರು ಊರಾದ ಗ್ರಿಮ್ಸ್‌ಬಿಗೆ ಮೀನಿನ ವಾಸನೆ ಬಿಟ್ಟರೆ ಹೆಸರು ತಂದದ್ದು ಒಂದು ಪಂಕ್ ಬ್ಯಾಂಡು: ಗಟರ್ ಕ್ಯುರೇಟ್ಸ್, ಅಂದರೆ ಚರಂಡಿ ಪಾದ್ರಿಗಳು. ಅವರದು ಒಂದೇ ಹಾಡು ಓಡಿತು. ರಾಣಿಯನ್ನೂ ಪೊಲೀಸರನ್ನೂ ತಮ್ಮ ತಮ್ಮ ಅಪ್ಪಂದಿರನ್ನೂ ಬೈದಿದ್ದಕ್ಕೆ ಪತ್ರಿಕೆಗಳು ಒಂದು ವಾರ ಬಾಯಿ ಬಡಿದುಕೊಂಡವು. ಆಮೇಲೆ ರೆಕಾರ್ಡ್ ಕಂಪನಿ ಕೈಬಿಟ್ಟಿತು. ಗಿಟಾರಿನವನು ಆಸ್ಟ್ರೇಲಿಯಾಕ್ಕೆ ಹೋಗಿ ಈಜುಕೊಳ ಕಟ್ಟಿಸುವ ಕೆಲಸ ಹಿಡಿದ, ಇನ್ನೊಬ್ಬ ಮಾದಕದ ಸೂಜಿ ಚುಚ್ಚಿಕೊಂಡು ಸತ್ತ. ಡ್ರಮ್ ಬಾರಿಸುತ್ತಿದ್ದ ಕ್ಲೈವ್ ಅಷ್ಟರೊಳಗೇ ಬಿಟ್ಟಿದ್ದ. ಉಳಿದವನು ಹಾಡುಗಾರ ನೈಜೆಲ್. ವೇದಿಕೆಯ ಮೇಲೆ ಅವನ ಹೆಸರು ಸ್ಕರ್ವಿ. ಬಾಡಿಗೆ ಹುಡುಗರನ್ನು ಕಟ್ಟಿಕೊಂಡು ಇವತ್ತಿಗೂ ಕಡಲತೀರದ ರಜಾ ಶಿಬಿರಗಳಲ್ಲಿ ಅದೇ ಹಾಡು ಕಿರುಚುತ್ತಾನೆ. ಬಂಡಾಯವೇ ಅವನಿಗೆ ಪಿಂಚಣಿ.

ಅವನೇ ಫೇಸ್‌ಬುಕ್ಕಿನಲ್ಲಿ ಊರಿಗೆಲ್ಲ ಕರೆ ಕೊಟ್ಟಿದ್ದ: ಬನ್ನಿ, ಕ್ಲೈವ್‌ನನ್ನು ನಮ್ಮ ಕಾಲದ ಮರ್ಯಾದೆಯಿಂದ ಕಳಿಸಿಕೊಡೋಣ. ಸಾಲಾಗಿ ಬಂದು ಪೆಟ್ಟಿಗೆಯ ಮೇಲೆ ಒಂದೊಂದು ಸಲ ಉಗುಳೋಣ. ಕ್ಯಾಮೆರಾ ಬರುತ್ತದೆ.

ಕಡೆಯ ವಾರ ಕ್ಲೈವ್‌ಗೆ ಮಾತು ಕಡಿಮೆಯಾಗಿತ್ತು. ಬೇಕಾದ್ದು ಒಂದೇ ಎಂದು ಹೇಳಿದ್ದ. “ಚೊಕ್ಕಟವಾಗಿ ಕಳ್ಸು ಗ್ಲೆನ್. ನೈಜೆಲ್ ಬರ್ತಾನೆ, ನಂಗೊತ್ತು. ನನ್ ಮೇಲೆ ಇನ್ಯಾರೂ ಉಗುಳ್ಬಾರ್ದು.” ಅವಳು ಅವನ ಕೈ ಹಿಡಿದು ಆಗಲಿ ಎಂದಿದ್ದಳು.

*

ಎಪ್ಪತ್ತೇಳನೆಯ ಇಸವಿ. ಲಂಡನ್ನಿನ ಹುಡುಗರು ಮೆಚ್ಚಿದ ಬ್ಯಾಂಡಿಗೆ ಚಪ್ಪಾಳೆ ತಟ್ಟುವುದಿಲ್ಲ, ಉಗುಳುತ್ತಾರೆ ಎಂದು ಪತ್ರಿಕೆಯಲ್ಲಿ ಬಂತು. ಲಂಡನ್ನಿನಲ್ಲಿ ಎಷ್ಟು ಜನ ಹಾಗೆ ಮಾಡುತ್ತಿದ್ದರೋ ಗೊತ್ತಿಲ್ಲ. ಅದನ್ನು ಓದಿದ ಗ್ರಿಮ್ಸ್‌ಬಿಯ ಹುಡುಗರು ಮಾತ್ರ ತಾವು ಹಿಂದೆ ಬಿದ್ದೆವೆಂದು ಗಾಬರಿಯಾಗಿ ಒಂದೇ ವಾರದಲ್ಲಿ ಕಲಿತರು. ಸ್ಕರ್ವಿ ಮೈಕ್ ಹಿಡಿದು ಅವರನ್ನು ಹುರಿದುಂಬಿಸುತ್ತಿದ್ದ: “ಇಷ್ಟೇನಾ ನಿಮ್ ಪ್ರೀತಿ? ಬಾಯಲ್ಲಿ ನೀರಿಲ್ವಾ?”

ಹಾಡುವವನು ಬಗ್ಗಬಹುದು, ಗಿಟಾರಿನವನು ಪಕ್ಕಕ್ಕೆ ಹಾರಬಹುದು. ಡ್ರಮ್ ಬಾರಿಸುವವನು ಎಲ್ಲಿಗೆ ಹೋಗುತ್ತಾನೆ? ಎರಡು ಕೈಗೂ ಎರಡು ಕಾಲಿಗೂ ಕೆಲಸ. ಒರೆಸಿಕೊಳ್ಳಲು ಕೈಯೆತ್ತಿದರೆ ತಾಳ ತಪ್ಪುತ್ತದೆ. ಕ್ಲೈವ್ ಹಾಗೇ ಕೂತಿರುತ್ತಿದ್ದ. ದೀಪದ ಬೆಳಕಿನಲ್ಲಿ ಅದು ಬರುವುದು ಕಾಣುತ್ತಿತ್ತು. ಕೂದಲಿನಿಂದ, ಮೂಗಿನ ತುದಿಯಿಂದ, ಡ್ರಮ್ಮಿನ ಪಕ್ಕದ ಹಿತ್ತಾಳೆ ತಾಳದ ತಟ್ಟೆಗಳ ಅಂಚಿನಿಂದ ಜೋತುಬೀಳುತ್ತಿತ್ತು. ಡ್ರಮ್ಮಿನ ಚರ್ಮ ಒದ್ದೆಯಾಗಿ, ಪ್ರತಿ ಪೆಟ್ಟಿಗೂ ಹಿಂದಕ್ಕೆ ಅವನ ಮುಖಕ್ಕೇ ಎರಚುತ್ತಿತ್ತು. ಸಿಗರೇಟು, ಬಿಯರು, ನೆಗಡಿ, ಯಾರದೋ ಬಾಯಿಯ ಈರುಳ್ಳಿ. ಬರೆಯಲೂ ಹೇಸಿಗೆ, ಅವನು ಅದರಲ್ಲಿ ಪ್ರತಿ ಶನಿವಾರ ಮೀಯುತ್ತಿದ್ದ.

ಗ್ಲೆನಿಸ್‌ಗೆ ಆಗ ಹದಿನೇಳು. ಮೀನು ಪ್ಯಾಕ್ ಮಾಡುವ ಶೆಡ್ಡಿನಲ್ಲಿ ಕೆಲಸ. ಆ ಬ್ಯಾಂಡಿನಲ್ಲಿ ಅವಳ ಕಣ್ಣಿಗೆ ಬಿದ್ದದ್ದು ಸ್ಕರ್ವಿಯಲ್ಲ, ಹಿಂದೆ ಕೂತ ಉದ್ದ ಮುಖದ ಹುಡುಗ. ಅವನಿಗೆ ತನ್ನ ಪ್ರೀತಿ ತಲುಪಬೇಕು ಎಂದು ಗೆಳತಿಯ ಜೊತೆ ಕಡಲ ಗೋಡೆಯ ಮೇಲೆ ನಿಂತು ಒಂದು ಮಧ್ಯಾಹ್ನವಿಡೀ ದೂರಕ್ಕೆ ಉಗುಳುವುದನ್ನು ಅಭ್ಯಾಸ ಮಾಡಿದಳು. ಪಕ್ಕದೂರು ಕ್ಲೀಥಾರ್ಪ್ಸಿನ ನೃತ್ಯಶಾಲೆಯಲ್ಲಿ ಮುಂದಿನ ಸಾಲಿಗೆ ನುಗ್ಗಿ, ಗುರಿಯಿಟ್ಟಳು. ನೇರ ಎಡಗಣ್ಣಿಗೆ ಬಿತ್ತು. ಅವನು ಕಣ್ಣು ಮುಚ್ಚಿಕೊಂಡೇ ಬಾರಿಸಿದ. ಅವಳು ಖುಷಿಯಿಂದ ಕುಣಿದಳು.

ಆ ಕ್ಷಣಕ್ಕೆ ಸರಿಯಾಗಿ ಯಾರೋ ಫೋಟೋ ತೆಗೆದಿದ್ದರು.

*

ಆ ಫೋಟೋ ಈಗ ಚಿತಾಗಾರದ ಹಜಾರದಲ್ಲಿ ಸ್ಟ್ಯಾಂಡಿನ ಮೇಲೆ ಆಳೆತ್ತರಕ್ಕೆ ನಿಂತಿತ್ತು. ರೆಕಾರ್ಡಿನ ಹೊದಿಕೆಯ ಮೇಲೆ, ಟೀ-ಶರ್ಟುಗಳ ಮೇಲೆ, ಟೀ ಕಪ್ಪುಗಳ ಮೇಲೆ ಇಂಗ್ಲೆಂಡೆಲ್ಲ ನೋಡಿದ ಮುಖ: ಮುಚ್ಚಿದ ಎಡಗಣ್ಣು, ಅದರಿಂದ ಕೆನ್ನೆಯುದ್ದ ಇಳಿದ ಬಿಳಿಯ ಎಳೆ.

ಕ್ಲೈವ್‌ನ ಅಕ್ಕ ಬೆರಿಲ್ ಅದಕ್ಕೆ ಬೆನ್ನು ಹಾಕಿ ಕೂತಿದ್ದಳು. “ಹ್ಯಾಮ್ ಸ್ಯಾಂಡ್‌ವಿಚ್ ಮಾಡ್ಬಂದಿದೀನಿ ಕಣೇ ಗ್ಲೆನ್, ಇದೆಲ್ಲ ಮುಗಿದ್ಮೇಲೆ ಬರೋರಿಗೆ ಅಂತ ಪಬ್ಬಲ್ಲಿ ಫ್ರಿಜ್‌ನಲ್ಲಿಟ್ಟಿದೀನಿ. ಇದನ್ ನೋಡಿದ್ಮೇಲೆ ಯಾರು ತಿಂತಾರೋ.”

“ಯಾರು ತಂದಿಟ್ಟಿದ್ದು?”

“ಇನ್ಯಾರು? ನಿನ್ ಮಗಳು.”

ಮಗಳು ಲೀಆನ್ ಅಪ್ಪನ ಬ್ಯಾಂಡಿನ ಬ್ಯಾಡ್ಜು ಚುಚ್ಚಿಕೊಂಡು ಬಂದವರಿಗೆಲ್ಲ ಕೈಕುಲುಕುತ್ತಿದ್ದಳು. ಮುಖದಲ್ಲಿ ಅಳುವಿನ ಜೊತೆ ಒಂದು ಹೆಮ್ಮೆ. ಗ್ಲೆನಿಸ್ ಅವಳ ತೋಳು ಹಿಡಿದು ಮೂಲೆಗೆ ಎಳೆದಳು.

“ಅದನ್ನ ತೆಗಿ.”

“ಅಮ್ಮಾ, ಶುರು ಮಾಡ್ಬೇಡ. ಜನ ಎಲ್ಲೆಲ್ಲಿಂದ ಬಂದಿದಾರೆ ನೋಡು, ಲೀಡ್ಸಿಂದ ಬಂದಿದಾರೆ. ಅಪ್ಪ ಜೀವನಪೂರ್ತಿ ಆಸ್ಪತ್ರೆ ಬೆಡ್‌ಶೀಟ್ ಒಗೆದ್ರು. ಇವತ್ತೊಂದಿನ ಅವರೂ ಯಾರೋ ಆಗಿದ್ರು ಅಂತ ಕಾಣ್ಲಿ.”

“ಉಗುಳೋಕೂ ನೀನೇ ಹೂಂ ಅಂದ್ಯಾ?”

ಲೀಆನ್ ಕಣ್ಣು ತಪ್ಪಿಸಿದಳು. “ನೈಜೆಲ್ ಅಂಕಲ್ ಕೇಳಿದ್ರು. ಅದು ಅವರ ಪದ್ಧತಿ ಅಂತೆ. ಮರ್ಯಾದೆ ಅಂತೆ.”

“ನೈಜೆಲ್ ಅಂಕಲ್!” ಬೆರಿಲ್ ಕೂತಲ್ಲಿಂದಲೇ ಮೂಗು ಮುರಿದಳು. “ಆ ಹೊಲಸು ಬಾಯಿಯವನಿಗೆ ಅಂಕಲ್ ಬೇರೆ.”

ಅಷ್ಟರಲ್ಲಿ ಸ್ಕರ್ವಿಯೇ ಬಂದ. ಕಣ್ಣಿಗೆ ಕಾಡಿಗೆ, ಬೆರಳಿಗೆಲ್ಲ ತಲೆಬುರುಡೆಯ ಉಂಗುರ, ಹಲ್ಲು ಪೂರ್ತಿ ಹೊಸದು. ಹಿಂದೆ ಕ್ಯಾಮೆರಾದವನು. ಪೆಪ್ಪರ್‌ಮಿಂಟ್ ಚೀಪುತ್ತ ಗ್ಲೆನಿಸ್‌ಳನ್ನು ತಬ್ಬಲು ಬಂದ. ಅವಳು ಕೈಚೀಲ ಅಡ್ಡ ಹಿಡಿದಳು.

“ಬೇಡ ನೈಜೆಲ್. ಅವನಿಗೆ ಇಷ್ಟ ಇರ್ಲಿಲ್ಲ. ಸಾಯೋಕ್ ಮುಂಚೆ ನಂಗೆ ಹೇಳಿ ಹೋಗಿದಾನೆ.”

“ಕಾಯಿಲೇಲಿ ಏನೋ ಅಂದಿರ್ತಾನೆ ಬಿಡು ಗ್ಲೆನ್. ನಾನು ಬಲ್ಲೆ ನನ್ ಡ್ರಮ್ಮರ್‌ನ. ನಮ್ಮಲ್ಲಿ ಅಲ್ಲಾಡ್ದೆ ಇರ್ತಿದ್ದೋನು ಅವನೊಬ್ಬನೇ. ಹೆಂಗ್ ಕೂತಿರ್ತಿದ್ದ! ರಾಜ ಕೂತಂಗೆ.”

“ಕೂತಿರ್ದೆ ಏನ್ಮಾಡ್ಬೇಕಿತ್ತೋ? ನೀನು ಬಗ್ತಿದ್ದೆ, ಹಿಂದೆ ಇದ್ದ ಅವನಿಗೆ ಬೀಳ್ತಿತ್ತು.”

ಸ್ಕರ್ವಿ ಜೋರಾಗಿ ನಕ್ಕು ಕ್ಯಾಮೆರಾದ ಕಡೆ ತಿರುಗಿದ. “ಇದನ್ನ ತೆಗೆದ್ಯಾ? ಇದು ಇರ್ಲಿ.”

*

ನೃತ್ಯಶಾಲೆಯ ಆ ರಾತ್ರಿಯ ಮೇಲೆ ಕ್ಲೈವ್‌ನ ಕಣ್ಣು ಊದಿಕೊಂಡು ಕೀವು ತುಂಬಿ ಆಸ್ಪತ್ರೆ ಸೇರಿದ. ಸ್ಕರ್ವಿ ನೋಡಲು ಹೋಗಲಿಲ್ಲ. ಬೇರೆ ಡ್ರಮ್ಮರ್ ಹುಡುಕುವುದರಲ್ಲಿದ್ದ. ಹೋದವಳು ಗ್ಲೆನಿಸ್, ಕಾಗದದ ಚೀಲದಲ್ಲಿ ಪೇರ್ ಹಣ್ಣು ಹಿಡಿದುಕೊಂಡು.

“ನಾನೇ ಉಗುಳಿದ್ದು,” ಎಂದಳು ಮಂಚದ ಪಕ್ಕ ನಿಂತು. “ಪ್ರೀತಿಗೆ ಉಗುಳ್ದೆ. ಹಂಗೇ ಮಾಡ್ಬೇಕು ಅಂದ್ಕೊಂಡಿದ್ದೆ.”

ಅವನು ಒಂದೇ ಕಣ್ಣಿನಿಂದ ಅವಳನ್ನು ನೋಡಿದ. “ಗುರಿ ಚೆನ್ನಾಗಿತ್ತು,” ಎಂದ.

ಆಮೇಲೆ ಅವನಿಗೆ ಕೆಲಸವೂ ಅದೇ ಆಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಸಿಕ್ಕಿತು. ರಕ್ತ, ಕಫ, ವಾಂತಿ ಬಿದ್ದ ಬಟ್ಟೆಗಳು ಅವನ ಕೈಯಿಂದ ಬಿಸಿಬಿಸಿಯಾಗಿ, ಬೆಳ್ಳಗೆ, ಚೌಕವಾಗಿ ಮಡಿಕೆಯಾಗಿ ಹೊರಗೆ ಹೋಗುತ್ತಿದ್ದವು. ಅದರಲ್ಲಿ ಅವನಿಗೆ ಸಿಕ್ಕ ಸುಖ ಹಾಡಿನಲ್ಲಿ ಎಂದೂ ಸಿಕ್ಕಿರಲಿಲ್ಲ. ಡ್ರಮ್ ಮಾರಿದ. ಊಟದ ಮೇಜಿನ ಮೇಲೂ ಬೆರಳಿನಲ್ಲಿ ತಾಳ ಹಾಕುತ್ತಿರಲಿಲ್ಲ.

ಕಣ್ಣು ಮಾತ್ರ ಪೂರ್ತಿ ವಾಸಿಯಾಗಲಿಲ್ಲ. ಸದಾ ನೀರು ಸೋರುತ್ತಿತ್ತು. ಮದುವೆ ಮನೆಯಲ್ಲಿ, ಮಗಳ ಶಾಲೆಯ ನಾಟಕದಲ್ಲಿ, ನಿವೃತ್ತಿಯ ದಿನ, ಮೀನಂಗಡಿಯ ಸಾಲಿನಲ್ಲಿ ಕೂಡ. ಪಾಪ, ಬಹಳ ಮೆದು ಮನಸ್ಸಿನವನು ಎಂದು ಊರು ಅಂದುಕೊಂಡಿತು. ಯಾಕಪ್ಪಾ ನಿನ್ನ ಕಣ್ಣು ಹೀಗೆ ಎಂದು ಲೀಆನ್ ಚಿಕ್ಕವಳಿದ್ದಾಗ ಕೇಳಿದರೆ, “ಸೋಪಿನ ಪುಡಿ ಬಿತ್ತು ಮಗಳೇ,” ಎಂದಿದ್ದ. ಆ ಮಾತನ್ನು ಕೊನೆಯವರೆಗೂ ಬದಲಿಸಲಿಲ್ಲ. ಗ್ಲೆನಿಸ್ ಭಾನುವಾರ ಸಂಜೆ ಕರವಸ್ತ್ರಗಳಿಗೆ ಇಸ್ತ್ರಿ ಹಾಕುತ್ತಿದ್ದಳು. ಜ್ವರವಿದ್ದರೂ ಹಾಕುತ್ತಿದ್ದಳು.

*

“ನಿಮ್ಮಪ್ಪನ ಕಣ್ಣಿಗೆ ಬಿದ್ದಿದ್ದು ಸೋಪಿನ ಪುಡಿ ಅಲ್ಲ,” ಎಂದಳು ಗ್ಲೆನಿಸ್.

ಒಳಗೆ ಪ್ರಾರ್ಥನಾ ಕೋಣೆಯಲ್ಲಿ ಜನ ಕೂರುತ್ತಿದ್ದರು. ಹಜಾರದಲ್ಲಿ ಅಮ್ಮ ಮಗಳು ಇಬ್ಬರೇ, ಮತ್ತೆ ಆ ಫೋಟೋ.

“ಆ ಬಿಳೀದು ನೋಡು, ಎಡಗಣ್ಣಿಂದ ಇಳೀತಿದೆಯಲ್ಲ. ಅದು ನಂದು. ನಾನು ಉಗುಳಿದ್ದು. ಅವತ್ತಿಂದ ಸೋರಕ್ ಶುರುವಾಗಿದ್ದು ನಿಂತಿದ್ದು ಮೊನ್ನೆ, ಅವನು ಸತ್ಮೇಲೆ.”

ಲೀಆನ್ ಫೋಟೋ ನೋಡಿದಳು, ಅಮ್ಮನನ್ನು ನೋಡಿದಳು. ಕೈ ಬಾಯಿಗೆ ಹೋಯಿತು. ಅವಳ ಮನೆಯ ಅಡುಗೆಮನೆಯಲ್ಲಿ ಅದೇ ಚಿತ್ರವಿದ್ದ ಕಪ್ಪಿತ್ತು. ಅದರಲ್ಲೇ ದಿನಾ ಟೀ ಕುಡಿಯುತ್ತಿದ್ದಳು.

“ಥೂ,” ಎಂದಳು, ಯಾರಿಗೆ ಎಂದು ಅವಳಿಗೂ ಗೊತ್ತಿಲ್ಲದೆ. ಆಮೇಲೆ ಹೋಗಿ ಫೋಟೋವನ್ನು ಗೋಡೆಯ ಕಡೆ ತಿರುಗಿಸಿದಳು. “ನಾನ್ ಹೋಗಿ ಬೇಡ ಅಂತ ಹೇಳ್ತೀನಮ್ಮಾ.”

“ನಿನ್ ಮಾತು ಕೇಳೋನಲ್ಲ ಅವನು. ನಡಿ.”

ಒಳಗೆ ಎಲ್ಲ ಬೇಗ ಬೇಗ ನಡೆಯಿತು. ಹೊರಗೆ ಮುಂದಿನ ಶವದ ಕಾರು ಆಗಲೇ ಬಂದು ನಿಂತಿತ್ತು. ಕ್ಲೈವ್ ಶಾಂತ ಸ್ವಭಾವದವನು, ಬಟ್ಟೆ ಮಡಿಸುವುದರಲ್ಲಿ ಪಳಗಿದವನು, ಭಾವುಕ ಜೀವಿ ಎಂದು ಪ್ರಾರ್ಥನೆ ನಡೆಸಲು ಗೊತ್ತುಮಾಡಿದ್ದ, ಅವನನ್ನು ಎಂದೂ ನೋಡಿರದ ಹೆಂಗಸೊಬ್ಬಳು ಓದಿದಳು. ಬೆರಿಲ್ ಬಿಕ್ಕಿದಳು. ಆಮೇಲೆ ಗೋಡೆಯ ಸ್ಪೀಕರಿನಲ್ಲಿ ಆ ಹಳೆಯ ಹಾಡು ಕಿರುಚಿಕೊಂಡಿತು. ಸ್ಕರ್ವಿ ಎದ್ದ. ಅವನ ಹಿಂದೆ ಚರ್ಮದ ಜಾಕೆಟ್ಟುಗಳು ಕಿರಗುಟ್ಟುತ್ತ ಸಾಲಾದವು.

ಮೊದಲು ಕೇಳಿಸಿದ್ದು ಸದ್ದು. ಗಂಟಲಾಳದಿಂದ ಕ್ಯಾಕರಿಸಿ ಎಳೆಯುವ ಸದ್ದು, ಒಬ್ಬನಾದ ಮೇಲೆ ಒಬ್ಬನದು, ಹಾಡಿನ ನಡುನಡುವೆ. ರಕ್ತದೊತ್ತಡದ ಮಾತ್ರೆ ನುಂಗಿ ನುಂಗಿ ಒಣಗಿದ ಬಾಯಿಗಳು. ಕೆಲವರು ಕೆನ್ನೆ ಒಳಗೆ ಎಳೆದು ಹೀರುತ್ತಿದ್ದರು. ಒಬ್ಬನಿಗೆ ಕೆಮ್ಮು ಹತ್ತಿ ಬೆಂಚು ಹಿಡಿದು ಬಗ್ಗಿದ. ಬೆರಿಲ್ ಕೋಟಿನ ತೋಳನ್ನೇ ಮೂಗಿಗೆ ಒತ್ತಿಕೊಂಡಳು.

ಗ್ಲೆನಿಸ್ ಎದ್ದು ಹೋಗಿ ಪೆಟ್ಟಿಗೆಗೆ ಬೆನ್ನು ಕೊಟ್ಟು ನಿಂತಳು.

“ಪಕ್ಕಕ್ ಬಾ ಗ್ಲೆನ್,” ಎಂದ ಸ್ಕರ್ವಿ, ಬಾಯಿ ಅರ್ಧ ತುಂಬಿಕೊಂಡು.

“ಬರಲ್ಲ.”

“ಇದು ನಮ್ ಪದ್ಧತಿ ಕಣೇ.”

“ನಿನ್ ಪದ್ಧತಿ ನಂಗೆ ಹೇಳ್ಕೊಡ್ಬೇಡ. ನಾನೂ ಉಗುಳಿದವಳೇ. ಬಾ, ಉಗುಳು. ಇವನಿಗೆ ಬೀಳ್ಬಾರ್ದು, ಅಷ್ಟೇ.”

ಅವನು ಸುಮ್ಮನೆ ಕೂತುಬಿಡಬಹುದಿತ್ತು. ಆದರೆ ಹಿಂದೆ ಸಾಲು ಕಾಯುತ್ತಿತ್ತು, ಪಕ್ಕದಲ್ಲಿ ಕ್ಯಾಮೆರಾ ಇತ್ತು. ಅವನು ಒಮ್ಮೆ ಕ್ಯಾಮೆರಾದ ಕಡೆ ನೋಡಿದ್ದನ್ನು ಗ್ಲೆನಿಸ್ ಕಂಡಳು. ಇನ್ನೇನು ಮಾಡುತ್ತಾನೆ ಎಂಬುದು ಅಲ್ಲೇ ಗೊತ್ತಾಯಿತು. ಅವಳು ಬಗ್ಗಲಿಲ್ಲ.

ಪೆಪ್ಪರ್‌ಮಿಂಟಿನ ವಾಸನೆ. ಅದು ಅವಳ ಎಡಗಣ್ಣಿನ ಕೆಳಗೆ ಬಿತ್ತು.

ಯಾರೋ ಹಾಡು ನಿಲ್ಲಿಸಿದರು. ಸಾಲಿನಲ್ಲಿ ಎರಡನೆಯವನು, ಗೇಟಿನ ಬಳಿ ಕೈಯೆತ್ತಿ ನಕ್ಕವನು, ಬಾಯಲ್ಲಿ ಕೂಡಿಸಿಕೊಂಡದ್ದನ್ನು ನುಂಗಿದ. ನುಂಗಿದ್ದು ಎಲ್ಲರಿಗೂ ಕೇಳಿಸಿತು. ಲೀಆನ್ ಟಿಶ್ಯೂ ಹಿಡಿದು ಓಡಿಬಂದಳು. ಗ್ಲೆನಿಸ್ ಅಂಗೈ ತೋರಿಸಿ ತಡೆದಳು.

“ಮಿಸ್ಟರ್ ಮಾಲ್ಟ್‌ಬಿ, ಗುಂಡಿ ಒತ್ತಿ.”

ಪೆಟ್ಟಿಗೆಯನ್ನು ಕೊನೆಯ ಸಲ ಮರೆಮಾಡುವ ನೀಲಿ ಪರದೆ ಎರಡೂ ಕಡೆಯಿಂದ ನಿಧಾನವಾಗಿ ಹೊರಟಿತು. ಮೋಟಾರು ಹಳೆಯದು, ನಡುವೆ ಒಮ್ಮೆ ನಿಂತು ಮತ್ತೆ ಹೊರಟಿತು. ಎಂಜಲು ಅವಳ ಕೆನ್ನೆಯುದ್ದ ಇಳಿದು ಗದ್ದದ ತುದಿಯಲ್ಲಿ ಜೋತುಬಿದ್ದು ಕಪ್ಪು ಕೋಟಿನ ಕಾಲರಿಗೆ ಸೇರಿತು. ಕೈಗಳನ್ನು ಎರಡೂ ಪಕ್ಕಕ್ಕೆ ಇಳಿಬಿಟ್ಟು ಅವಳು ಅಲ್ಲಾಡದೆ ನಿಂತಿದ್ದಳು. ಪರದೆಯ ಅಂಚುಗಳು ಕೂಡುವ ತನಕ ಅವಳ ಬೆನ್ನ ಹಿಂದೆ ಪೆಟ್ಟಿಗೆಯ ಮುಚ್ಚಳ ಕಾಣುತ್ತಿತ್ತು, ಒಂದು ಹನಿಯೂ ತಾಕದೆ, ಮೇಲಿನ ದೀಪಕ್ಕೆ ಹೊಳೆಯುತ್ತ.