ಅಳತೆ ತೆಗೆಯದೆ ಕತ್ತರಿಸಿದ್ದು

ಕತ್ತರಿ ದೊಡ್ಡಕ್ಕ ದನಿ ಎತ್ತಿದಳೆಂದರೆ ಮೂರು ಬೀದಿಯಾಚೆಯ ಗಡಿಯಾರವೂ ನಿಂತು ಕಿವಿಗೊಡುತ್ತದೆ. ಆಯಿತು, ಗಡಿಯಾರದ ಮಾತು ಸುಳ್ಳು; ಅದು ಮೊದಲೇ ಕೆಟ್ಟು ನಿಂತಿತ್ತು. ದನಿಯ ಮಾತು ಮಾತ್ರ ಅಪ್ಪಟ ನಿಜ.

ಆ ದನಿ ಅವತ್ತು ಸಂಘಗಳ ನೋಂದಣಿ ಕಚೇರಿಯ ಮೆಟ್ಟಿಲಲ್ಲೇ ಶುರುವಾಯಿತು. ಓಣಿಯ ಹೆಂಗಸರೆಲ್ಲ ಸೇರಿ ಹೊಲಿಗೆ ಸಂಘ ಕಟ್ಟಿದ್ದರು. ನೋಂದಣಿಯಾದರೆ ಮಾರುಕಟ್ಟೆಯ ಹಿಂದಿನ ಖಾಲಿ ಮಳಿಗೆ ಅವರಿಗೆ. ಆಗದಿದ್ದರೆ, ಈಗಿರುವ ಕೋಣೆಯನ್ನು ತಿಂಗಳ ಕೊನೆಗೆ ಬಿಟ್ಟು ಮಷೀನುಗಳನ್ನು ಮಂಚದ ಕೆಳಗೆ ತಳ್ಳಬೇಕು. ಹೀಗಿರುವಾಗ ಅರ್ಜಿ ತಿರಸ್ಕರಿಸಿದ್ದೇವೆ ಎಂಬ ಕಾಗದ ಬಂದಿತ್ತು. ದೊಡ್ಡಕ್ಕ ಎಂದಿನಂತೆ ಕನ್ನಡಕ ಎಲ್ಲೋ ಮರೆತಿದ್ದರಿಂದ ಗುಂಡಿ ಚಿಕ್ಕಮ್ಮನೇ ಓದಿ ಹೇಳಿದ್ದಳು. ಹುಟ್ಟಿದಾಗಿನಿಂದ ಬರೀ ಗುಂಡಿ ಹೊಲಿಯುತ್ತ ಬಂದವಳು ಆಕೆ.

"ಸಾಹೇಬ್ರೇ, ನಮ್ಮನ್ನ ಒಂದು ಮಾತಾದ್ರೂ ಕೇಳಿದ್ರಾ?" ಎಂದಳು ದೊಡ್ಡಕ್ಕ.

"ಸಂಘದಲ್ಲಿ ನ್ಯಾಯ ಇಲ್ಲ ಅಂತ ತಕರಾರು ಬಂದಿತ್ತಮ್ಮ. ಓದಿದೆ, ಸರಿ ಅನ್ನಿಸ್ತು, ಬರೆದೆ," ಎಂದರು ಅಧಿಕಾರಿ, ಫ್ಯಾನಿನ ಗಾಳಿಗೆ ಹಾರುವ ಹಾಳೆಗಳನ್ನು ಮೊಣಕೈಯಲ್ಲಿ ಒತ್ತಿಕೊಂಡು.

"ಮೂರು ಕಾಸಿನ ಚೀಲ ಹೊಲಿಯೋಕೂ ನಾನು ಅಳತೆ ತಗೋತೀನಿ. ನೀವು ಅಳತೇನೇ ಇಲ್ದೆ ಕತ್ತರಿಸಿಬಿಟ್ರಲ್ಲ!"

ಹೇಳುತ್ತಲೇ ಚೀಲದಿಂದ ಬಟ್ಟೆ ಕತ್ತರಿಸುವ ಉದ್ದನೆಯ ಕತ್ತರಿ ತೆಗೆದಳು. ಅಧಿಕಾರಿಯ ಕುರ್ಚಿ ಗೋಡೆಗೆ ಹೋಗಿ ಬಡಿಯಿತು.

"ಅಯ್ಯೋ, ಹೆದರ್ಬೇಡಿ ಸಾಹೇಬ್ರೇ, ನಿಮ್ಮ ಮೀಸೆಗೆ ಬಂದಿಲ್ಲ," ಎಂದಳು ಗುಂಡಿ ಚಿಕ್ಕಮ್ಮ.

ಸಂಘದ ಕೋಣೆಯಲ್ಲಿ ಮಷೀನುಗಳ ಗದ್ದಲಕ್ಕೆ ಯಾರ ಮಾತೂ ಯಾರಿಗೂ ಕೇಳುವುದಿಲ್ಲ. ಅದಕ್ಕೇ ದೊಡ್ಡಕ್ಕ ಒಂದು ಪದ್ಧತಿ ಮಾಡಿದ್ದಳು. ಜಗಳವೆದ್ದರೆ ಒಬ್ಬಳು ಕತ್ತರಿ ಹಿಡಿದು ನಿಲ್ಲಬೇಕು, ಉಳಿದವರು ತುಳಿಯುವುದನ್ನು ನಿಲ್ಲಿಸಿ ಕೇಳಬೇಕು. ಹೇಳಿ ಮುಗಿಸಿದವಳು ಕತ್ತರಿಯನ್ನು ಎದುರಿನವಳ ಕೈಗೇ ಕೊಡಬೇಕು. ಎರಡೂ ಕೈ ದಾಟದೆ ತೀರ್ಮಾನವಿಲ್ಲ. ಇದನ್ನೇ ಅವಳು ಸಾಹೇಬರಿಗೂ ಬಿಡಿಸಿ ಹೇಳಿದಳು.

ಅಧಿಕಾರಿ ಕತ್ತರಿಯನ್ನು ನೋಡಿದರು, ತಮ್ಮ ಸಹಿಯನ್ನು ನೋಡಿದರು. "ಕೇಳದೆ ಬರೆದದ್ದು ತಪ್ಪೇ ಕಣಮ್ಮ. ಆ ಆದೇಶ ವಾಪಸ್ ತಗೋತೀನಿ. ಗುರುವಾರ ಎರಡೂ ಕಡೆಯವ್ರು ಬನ್ನಿ, ಎದುರುಬದುರು ಕೇಳ್ತೀನಿ. ತಕರಾರು ಹಾಕಿರೋದು ಯಾರು ಅನ್ನೋದೂ ನಿಮಗೆ ಗೊತ್ತಿರ್ಬೇಕು. ನಿಮ್ಮ ಓರಗಿತ್ತಿ."

ದೊಡ್ಡಕ್ಕನ ಮೈಯೆಲ್ಲ ಉರಿದುಹೋಯಿತು. ಆ ಎಣ್ಣೆಯವಳೇ! ಹಿಂದಿನ ತಿಂಗಳು ಯಾರೋ ಹೊಸ ಮಷೀನಿಗೆ ಅಡುಗೆ ಎಣ್ಣೆ ಬಿಟ್ಟು, ಅದು ಅಂಟಿಕೊಂಡು ಕಲ್ಲಾಗಿತ್ತು. ಕೋಣೆಯ ಮೂಲೆಯಲ್ಲಿ ಚಹಾ, ತಿಂಡಿ ಮಾಡುತ್ತಿದ್ದವಳು ಓರಗಿತ್ತಿ. ಎಣ್ಣೆಯ ಬಾಟಲಿ ಅವಳದು. ಇನ್ನೇನು ಬೇಕು? ಅವಳಿಲ್ಲದ ಸಂಜೆಯೇ ಸಂಘದಿಂದ ಅವಳ ಹೆಸರು ಹೊಡೆದುಹಾಕಿದ್ದರು.

ಗುರುವಾರ ದೊಡ್ಡಕ್ಕ ಕತ್ತರಿ ಹಿಡಿದು ಎಂಥ ಮಾತಾಡಿದಳೆಂದರೆ, ಹೊರಗೆ ಸಾಲಿನಲ್ಲಿ ನಿಂತವರೂ ತಮ್ಮ ಕೆಲಸ ಮರೆತು ಒಳಗೆ ಇಣುಕಿದರು. ಆಮೇಲೆ ಓರಗಿತ್ತಿ ಎದ್ದಳು. ಕತ್ತರಿಗೆ ಕೈ ಚಾಚಲೂ ಇಲ್ಲ.

"ನಂದು ಒಂದೇ ಮಾತು, ಅಕ್ಕ. ನನ್ನ ಹೆಸರು ತೆಗೆದ ಸಂಜೆ, ಇದು ನನ್ನ ಕೈಗೆ ಬಂದಿತ್ತಾ?"

ಗುಂಡಿ ಚಿಕ್ಕಮ್ಮ ಸೀರೆಯ ಅಂಚಿನಲ್ಲಿ ಇಲ್ಲದ ದಾರ ಹುಡುಕತೊಡಗಿದಳು.

"ಏನಮ್ಮಾ," ಅಧಿಕಾರಿ ಮೆಲ್ಲಗೆ ಕೇಳಿದರು, "ಅಳತೆ ತಗೊಂಡಿದ್ರಾ?"

ದೊಡ್ಡಕ್ಕ ಕತ್ತರಿಯ ಚೂಪನ್ನು ತನ್ನ ಕಡೆಗೆ ತಿರುಗಿಸಿ, ಹಿಡಿಯನ್ನು ಓರಗಿತ್ತಿಯತ್ತ ಚಾಚಿದಳು. "ಬಂದಿರ್ಲಿಲ್ಲ ಕಣೇ. ತಗೋ, ಹೇಳು."

"ಇಲ್ಲಿ ಬೇಡ. ಹೆಸರು ಹೋದ ಜಾಗದಲ್ಲೇ ಹೇಳ್ತೀನಿ."

"ಮೊದಲು ಅದಾಗ್ಲಿ," ಎಂದರು ಅಧಿಕಾರಿ. "ಸೋಮವಾರ ಬಂದು ಏನಾಯ್ತು ಹೇಳಿ. ಅಲ್ಲೀತನಕ ನಾನು ಹೂಂ ಅನ್ನೋದೂ ಇಲ್ಲ, ಊಹೂಂ ಅನ್ನೋದೂ ಇಲ್ಲ."

ಅಂದು ಸಂಜೆ ಎಲ್ಲ ಮಷೀನುಗಳೂ ನಿಂತವು. ಓರಗಿತ್ತಿ ಕತ್ತರಿ ಹಿಡಿದು ನಿಂತಳು.

"ಎಣ್ಣೆ ಬಾಟಲಿ ನಂದೇ. ಹಾಕಿದ್ದು ನಾನಲ್ಲ. ಕಣ್ಣು ಕಾಣ್ದಿದ್ರೂ ಕನ್ನಡಕ ಮನೇಲೇ ಬಿಟ್ಟು ಬಂದು, ಯಾವ ಬಾಟಲಿ ಅಂತ ಮೂಸಿ ಕೂಡ ನೋಡ್ದೆ..."

ಅಷ್ಟಕ್ಕೇ ನಿಲ್ಲಿಸಿ ಕತ್ತರಿಯನ್ನು ದೊಡ್ಡಕ್ಕನ ಮುಂದೆ ಹಿಡಿದಳು. ಈಗ ಅವಳ ಸರದಿ. ಗಡಿಯಾರ ನಿಲ್ಲಿಸುವ ಆ ದನಿ ಎಲ್ಲಿ ಹೋಯಿತೋ! ದೊಡ್ಡಕ್ಕ ಕತ್ತರಿ ತೆಗೆದುಕೊಳ್ಳುವ ಮುಂಚೆ ಎರಡೂ ಕೈಯಲ್ಲಿ ಮೂಗಿನ ಮೇಲೆ ಕನ್ನಡಕ ತಡಕಿದಳು. ಅಲ್ಲಿರಲಿಲ್ಲ.

ಅವಳು ಏನೆಂದಳು, ಮಾರುಕಟ್ಟೆಯ ಹಿಂದಿನ ಮಳಿಗೆಯ ಬೀಗದ ಕೈ ಈಗ ಯಾರ ಸೊಂಟದಲ್ಲಿ ನೇತಾಡುತ್ತಿದೆ? ಎಲ್ಲ ನಾನೇ ಹೇಳಬೇಕೇ? ನೀವೇ ಹೇಳಿ ನೋಡೋಣ.